ಪ್ರಶ್ನೋತ್ತರ: ಕದ್ದ ಗಳಿಗೆಯ ಲೆಕ್ಕ

ಈ ಸಲದ ಅಂಚೆಯಲ್ಲಿ ಬೈಗುಳವೇ ಹೆಚ್ಚು. ಧಾರಾವಾಹಿಯ ಕಳೆದ ಕಂತು ಓದದವರಿಗಾಗಿ ಎರಡು ಮಾತು ಹೇಳಿಬಿಡುತ್ತೇನೆ. ನನ್ನ ಕಥೆಯ ಲೋಕದಲ್ಲಿ ಕಾಲದ ಮೇಲೆ ಕೈಯಾಡಿಸಬಲ್ಲ ಮಂತ್ರವಾದಿಗಳಿದ್ದಾರೆ. ಕೆಲವರು ಗಳಿಗೆಯನ್ನು ನಿಲ್ಲಿಸುತ್ತಾರೆ, ಕೆಲವರು ಹಿಗ್ಗಿಸುತ್ತಾರೆ, ಬೆರಳೆಣಿಕೆಯ ಮಂದಿ ಮಾತ್ರ ತಿರುಗಿಸಬಲ್ಲರು. ಇವರಿಗೆಲ್ಲ ಮೂಗುದಾರ ಹಾಕಲು ‘ಗಳಿಗೆ ಶ್ರೇಣಿ’ ಎಂಬ ಕೂಟವಿದೆ. ಅದರ ಅನುಮತಿ ಇಲ್ಲದೆ ಯಾರೂ ಒಂದು ಕ್ಷಣವನ್ನೂ ಮುಟ್ಟುವಂತಿಲ್ಲ. ಕಳೆದ ಕಂತಿನಲ್ಲಿ ಒಬ್ಬ ತಾಯಿ ಶ್ರೇಣಿಯ ಬಾಗಿಲಿಗೆ ಬಂದಳು. ಅವಳ ಮಗ ಮಧ್ಯಾಹ್ನ ಕೆರೆಗೆ ಬಿದ್ದು ಸತ್ತಿದ್ದ. ಆ ಒಂದು ಮಧ್ಯಾಹ್ನವನ್ನು ತಿರುಗಿಸಿಕೊಡಿ ಎಂದು ಬೇಡಿದಳು. ಶ್ರೇಣಿ ಆಗುವುದಿಲ್ಲ ಎಂದಿತು. ಕಂತು ಅಲ್ಲಿಗೆ ಮುಗಿಯಿತು, ನನ್ನ ನೆಮ್ಮದಿಯೂ ಅಲ್ಲಿಗೇ ಮುಗಿಯಿತು.

ಪ್ರಶ್ನೆ: ಮಗು ಸತ್ತಿದೆ, ಕೈಯಲ್ಲಿ ಮಂತ್ರವಿದೆ, ಆದರೂ ಆಗುವುದಿಲ್ಲ ಅನ್ನುತ್ತಾರೆ. ಇಂಥವರದ್ದು ಯಾವ ಸೀಮೆಯ ನೀತಿ? ನಿಮಗೆ ಮಕ್ಕಳಿಲ್ಲವೇ? (ಮೂರು ಮಕ್ಕಳ ತಾಯಿ)

ಉತ್ತರ: ಇದ್ದಾರೆ, ಇಬ್ಬರು. ಆ ಕಂತು ಬರೆದ ರಾತ್ರಿ ಎರಡು ಸಲ ಎದ್ದು ಹೋಗಿ ಅವರ ಕೋಣೆಯ ಬಾಗಿಲಲ್ಲಿ ನಿಂತು ಬಂದೆ. ಇಬ್ಬರಿಗೂ ನಲವತ್ತು ದಾಟಿದೆ, ರಜೆಗೆಂದು ಬಂದಿದ್ದರು. ಇರಲಿ.

ನಿಮ್ಮ ಸಿಟ್ಟಿಗೆ ಅರ್ಧ ಕಾರಣ ನಾನೇ. ಶ್ರೇಣಿ ಆಗುವುದಿಲ್ಲ ಎಂದದ್ದನ್ನು ಬರೆದೆ, ಹೇಳುವ ಮೊದಲು ಏನು ಮಾಡಿತು ಎಂಬುದನ್ನು ಒಂದೇ ಸಾಲಿನಲ್ಲಿ ಮುಗಿಸಿದೆ. ಈಗ ಹೇಳುತ್ತೇನೆ. ಶ್ರೇಣಿಯಲ್ಲಿ ಲೆಕ್ಕದವಳು ಒಬ್ಬಳಿದ್ದಾಳೆ. ಅವಳಿಗೆ ಮಂತ್ರ ಬರುವುದಿಲ್ಲ, ಬರೆಯುವುದು ಬರುತ್ತದೆ. ಆ ರಾತ್ರಿ ಅವಳು ಲಾಟೀನು ಹಿಡಿದು ಊರಿನ ಮನೆಮನೆಗೆ ಹೋಗಿ ಕೇಳಿದ್ದು ಒಂದೇ ಪ್ರಶ್ನೆ: ‘ಇವತ್ತು ಮಧ್ಯಾಹ್ನ ಏನಾಯಿತು?’ ಹೆಚ್ಚಿನವರು ಏನೂ ಆಗಲಿಲ್ಲ ಎಂದರು. ಏನೂ ಆಗದವರ ಮಧ್ಯಾಹ್ನ ತಿರುಗಿಸಿದರೆ ನಷ್ಟವಿಲ್ಲ ಎಂದು ಅವಳು ಅಂಚಿನಲ್ಲಿ ಚುಕ್ಕೆ ಹಾಕುತ್ತಾ ಹೋದಳು. ಒಂದು ಮನೆಯಲ್ಲಿ ಕುಡಿತ ಬಿಟ್ಟವನೊಬ್ಬ ಮೊದಲ ಮಧ್ಯಾಹ್ನವನ್ನು ಹಲ್ಲು ಕಚ್ಚಿ ದಾಟಿದ್ದ. ಇನ್ನೊಂದು ಕಡೆ ಒಬ್ಬಳು, ಬರೆದು ಹರಿದು ಬರೆದು ಹರಿದು, ಕೊನೆಗೂ ಆ ಕಾಗದವನ್ನು ಅಂಚೆ ಡಬ್ಬಕ್ಕೆ ಹಾಕಿ ಬಂದಿದ್ದಳು. ಊರ ತುದಿಯ ಮನೆಯಲ್ಲಿ ಲಕ್ವ ಹೊಡೆದು ಎಂಟು ತಿಂಗಳಿಂದ ಮಾತು ನಿಂತಿದ್ದ ಮುದುಕ ‘ನೀರು’ ಎಂದಿದ್ದ. ಆ ಒಂದು ಪದ.

ಮುದುಕನ ಹೆಂಡತಿ ಎಲ್ಲವನ್ನೂ ಕೇಳಿ ‘ಆ ತಾಯಿಗೆ ಮಗ ಸಿಗುವುದಾದರೆ ತಿರುಗಿಸಿ, ಅದರಲ್ಲೇನು’ ಎಂದಳು. ಲೆಕ್ಕದವಳು ಹೊಸಿಲು ದಾಟುವಾಗ ಹಿಂದಿನಿಂದ ಕರೆದಳು. ‘ಆಮೇಲೆ ಇವರು ಮತ್ತೆ ನೀರು ಕೇಳುತ್ತಾರಾ?’

ಕೇಳಬಹುದು, ಕೇಳದೆಯೂ ಇರಬಹುದು. ಆದರೆ ನನ್ನ ಪೆನ್ನು ನಿಂತದ್ದು ಅಲ್ಲಲ್ಲ. ಮಧ್ಯಾಹ್ನವನ್ನು ತಿರುಗಿಸಿದ ಮೇಲೆ, ರಾತ್ರಿ ಬಾಗಿಲಲ್ಲಿ ನಿಂತು ಒಪ್ಪಿಗೆ ಕೊಟ್ಟ ಆ ಹೆಂಗಸು ಇರುವುದೇ ಇಲ್ಲ. ಇರುವವಳು ಮಧ್ಯಾಹ್ನದ ಹೆಂಗಸು. ಅವಳನ್ನು ಯಾರೂ ಏನೂ ಕೇಳಿಲ್ಲ. ತಾನು ಏನೋ ಕಳೆದುಕೊಂಡೆ ಎಂಬುದೂ ಅವಳಿಗೆ ತಿಳಿಯುವುದಿಲ್ಲ. ಸಾಲ ಪತ್ರಕ್ಕೆ ಸಹಿ ಹಾಕಿದವನನ್ನೇ ಅಳಿಸಿಬಿಡುವ ಸಾಲ ಇದು. ಶ್ರೇಣಿ ಹೆದರಿದ್ದು ಅದಕ್ಕೆ. ಹೆದರಿದ್ದು ಸರಿಯೇ ಎಂದು ಕೇಳಿದರೆ ನನಗೇ ಖಾತ್ರಿಯಿಲ್ಲ. ಬಾಗಿಲ ಹೊರಗೆ ಆ ತಾಯಿಯ ಜಾಗದಲ್ಲಿ ನಾನಿದ್ದಿದ್ದರೆ ಬಾಗಿಲು ಮುರಿಯುತ್ತಿದ್ದೆ. ಮುಂದಿನ ಕಂತಿನಲ್ಲಿ ಒಬ್ಬರು ಮುರಿಯುತ್ತಾರೆ ಎಂದಷ್ಟೇ ಈಗ ಹೇಳಬಲ್ಲೆ.

ಪ್ರಶ್ನೆ: ಕಾಲಮಾಂತ್ರಿಕರು ಪರೀಕ್ಷೆ ಬರೆದರೆ ಅವರಿಗೆ ಎಷ್ಟು ಬೇಕೋ ಅಷ್ಟು ಹೊತ್ತು ಸಿಗುತ್ತದಲ್ಲವೇ? (ಹತ್ತನೇ ತರಗತಿ ವಿದ್ಯಾರ್ಥಿ)

ಉತ್ತರ: ಸಿಗುತ್ತದೆ. ಉತ್ತರ ಗೊತ್ತಿಲ್ಲದವನಿಗೆ ಮೂರು ಗಂಟೆಯೇ ಕಳೆಯುವುದಿಲ್ಲ, ಮೂವತ್ತು ಗಂಟೆ ಕೊಟ್ಟು ಕೂರಿಸಿದರೆ ಅದೇ ಶಿಕ್ಷೆ. ಹೋಗಿ ಓದಿಕೋ ಮರಿ.

ಪ್ರಶ್ನೆ: ನಿಮ್ಮ ಶ್ರೇಣಿಯಲ್ಲಿ ಒಂದು ಗಂಟೆ ಹಿಂದಕ್ಕೆ ಹೋಗಬೇಕಾದರೆ ಮಂತ್ರವಾದಿ ತನ್ನ ಆಯುಸ್ಸಿನ ಹನ್ನೊಂದು ಗಂಟೆ ಕೊಡಬೇಕು. ಹತ್ತೂ ಅಲ್ಲ, ಹನ್ನೆರಡೂ ಅಲ್ಲ, ಹನ್ನೊಂದೇ ಯಾಕೆ? ಬಾಯಿಗೆ ಬಂದ ಸಂಖ್ಯೆಯೇ? (ನಿವೃತ್ತ ಲೆಕ್ಕಪರಿಶೋಧಕ)

ಉತ್ತರ: ಲೆಕ್ಕದವರ ಕಣ್ಣು ಲೆಕ್ಕದ ಮೇಲೇ ಬೀಳುತ್ತದೆ. ಬಾಯಿಗೆ ಬಂದದ್ದಲ್ಲ, ಅಪ್ಪನ ಮೇಜಿನಿಂದ ಬಂದದ್ದು.

ಅಪ್ಪ ಗಡಿಯಾರ ರಿಪೇರಿ ಮಾಡುತ್ತಿದ್ದರು. ಕಿಟಕಿ ಪಕ್ಕ ಮೇಜು, ಮೇಜಿನ ಮೇಲೆ ಬಿಳಿ ಹಾಳೆ, ಹಾಳೆಯ ಮೇಲೆ ಸಾಸಿವೆಗಿಂತ ಸಣ್ಣ ಸ್ಕ್ರೂಗಳು. ಬಲಗಣ್ಣಿಗೆ ಕಪ್ಪು ಭೂತಗನ್ನಡಿ ಸಿಕ್ಕಿಸಿಕೊಂಡು ಕೂತರೆ ಉಸಿರೂ ಜೋರಾಗಿ ಬಿಡುತ್ತಿರಲಿಲ್ಲ, ಕೂದಲೆಳೆಯಂಥ ಹೇರ್‌ಸ್ಪ್ರಿಂಗ್ ಹಾರಿಹೋಗುತ್ತದೆಂದು. ನನಗೆ ಹತ್ತು ವರ್ಷವಿದ್ದಾಗ, ಗಂಟೆ ಹೊಡೆಯುವ ಗೋಡೆ ಗಡಿಯಾರವೊಂದು ರಿಪೇರಿಗೆ ಬಂದಿತ್ತು. ಅಪ್ಪ ಇಲ್ಲದ ಹೊತ್ತಿನಲ್ಲಿ ಸ್ಟೂಲು ಹತ್ತಿ ಅದರ ದೊಡ್ಡ ಮುಳ್ಳನ್ನು ಹಿಂದಕ್ಕೆ ತಿರುಗಿಸಿದೆ. ಹನ್ನೆರಡರ ಹತ್ತಿರ ಸ್ವಲ್ಪ ಬಿಗಿಯಾಯಿತು, ಒತ್ತಿದೆ, ಒಳಗೆ ಟಕ್ ಎಂದಿತು. ಆಮೇಲೆ ಅದು ನಾಲ್ಕು ಗಂಟೆಗೆ ಏಳು ಹೊಡೆಯಿತು. ಹಳೆಯ ಹೊಡೆಯುವ ಗಡಿಯಾರಗಳ ಗುಟ್ಟು ಅದು: ಮುಳ್ಳು ನಡೆಸುವ ಚಕ್ರಗಳ ಸಾಲು ಬೇರೆ, ಗಂಟೆ ಹೊಡೆಸುವ ಸಾಲು ಬೇರೆ. ಹೊಡೆಸುವ ಚಕ್ರಕ್ಕೆ ಮುಳ್ಳು ಎಲ್ಲಿದೆ ಎಂಬುದು ತಿಳಿಯದು. ಐದಾದ ಮೇಲೆ ಆರು, ಆರಾದ ಮೇಲೆ ಏಳು, ಅಷ್ಟೇ ಅದಕ್ಕೆ ಗೊತ್ತು. ಮುಳ್ಳನ್ನು ಹಿಂದಕ್ಕೆ ಎಳೆದರೆ ಅದು ಜೊತೆಗೆ ಹಿಂದಕ್ಕೆ ಬರುವುದಿಲ್ಲ. ಕೆಲವದರಲ್ಲಿ ಗಂಟೆ ಹೊಡೆಸುವ ಸನ್ನೆಕೋಲೇ ಬಾಗಿಹೋಗುತ್ತದೆ.

ಅಪ್ಪ ಬಂದವರು ಹೊಡೆಯಲಿಲ್ಲ, ಬೈಯಲೂ ಇಲ್ಲ. ಹೊಡೆಸುವ ಸನ್ನೆಯನ್ನು ಬೆರಳಲ್ಲಿ ಎತ್ತಿ ಎತ್ತಿ, ಮುಳ್ಳು ತೋರಿಸುವುದಕ್ಕೂ ಗಂಟೆ ಹೇಳುವುದಕ್ಕೂ ಹೊಂದುವವರೆಗೆ ಹೊಡೆಸಿದರು. ಆಮೇಲೆ ಹೇಳಿದರು, ‘ಒಂದು ಗಂಟೆ ಹಿಂದೆ ಹೋಗಬೇಕು ಅಂದ್ರೆ ಹನ್ನೊಂದು ಗಂಟೆ ಮುಂದಿನಿಂದ ಸುತ್ತಿಕೊಂಡು ಬಾ. ಪ್ರತಿ ಗಂಟೆಗೂ ನಿಲ್ಲು, ಅದು ಪೂರ್ತಿ ಹೊಡೆದು ಮುಗಿಸಲಿ.’ ಅವರು ಹೇಳಿದ್ದು ಗಡಿಯಾರಕ್ಕೆ. ಐವತ್ತು ವರ್ಷ ಬಿಟ್ಟು ನಾನು ಅದನ್ನು ಮಂತ್ರವಾದಿಗಳ ತಲೆಗೆ ಕಟ್ಟಿದೆ. ಹಿಂದಕ್ಕೆ ಹೋಗಿ ಕೆಟ್ಟವರನ್ನು ನನ್ನ ಕಥೆಯಲ್ಲಿ ‘ಗಂಟೆ ತಪ್ಪಿದವರು’ ಎನ್ನುತ್ತಾರಲ್ಲ, ಮೈ ಒಂದು ಹೊತ್ತಿನಲ್ಲಿ, ಮನಸ್ಸು ಇನ್ನೊಂದು ಹೊತ್ತಿನಲ್ಲಿ ಇರುವವರು, ಅವರೂ ಆ ಸ್ಟೂಲಿನ ಮೇಲೇ ಹುಟ್ಟಿದ್ದು.

ಪ್ರಶ್ನೆ: ಕಾಲದ ಮಂತ್ರ, ಅದಕ್ಕೊಂದು ಸಂಘ, ಇದೆಲ್ಲ ಪರದೇಶದ ಸರಕು. ನಮ್ಮ ಕಥೆಗಳಲ್ಲಿ ಇಂಥದ್ದೆಲ್ಲಿತ್ತು? (ಹಿರಿಯ ಓದುಗರು)

ಉತ್ತರ: ಸ್ವಾಮಿ, ಪುರಾಣದಲ್ಲಿ ಬರುವ ಕೌಶಿಕನೆಂಬ ಬ್ರಾಹ್ಮಣನ ಹೆಂಡತಿಯನ್ನು ಮರೆತುಬಿಟ್ಟಿರಾ? ಕುಷ್ಠ ಹಿಡಿದ ಗಂಡನನ್ನು ಹೆಗಲ ಮೇಲೆ ಹೊತ್ತು ಕತ್ತಲಲ್ಲಿ ನಡೆಯುತ್ತಿದ್ದಳು. ಶೂಲಕ್ಕೇರಿದ್ದ ಮಾಂಡವ್ಯ ಮುನಿಗೆ ಗಂಡನ ಕಾಲು ತಗುಲಿತು. ನೋವಿಗೆ ಮುನಿ ಶಪಿಸಿದ, ಸೂರ್ಯ ಹುಟ್ಟುತ್ತಲೇ ಇವನು ಸಾಯಲಿ ಎಂದು. ಅವಳು ಹಾಗಾದರೆ ಸೂರ್ಯನೇ ಹುಟ್ಟದಿರಲಿ ಎಂದಳು. ಹುಟ್ಟಲಿಲ್ಲ. ಒಬ್ಬಳ ಗಂಡ ಉಳಿಯಬೇಕೆಂದು ಮೂರು ಲೋಕ ಕತ್ತಲಲ್ಲಿ ಕೂತಿತು. ಯಜ್ಞ ನಿಂತಿತು, ದೇವತೆಗಳು ಕಂಗಾಲಾದರು. ಇದಕ್ಕಿಂತ ದೊಡ್ಡ ಕಾಲಮಂತ್ರದ ಮೊಕದ್ದಮೆಯನ್ನು ನಾನು ಹುಟ್ಟಿಸಲಾರೆ.

ಅದನ್ನು ಬಗೆಹರಿಸಿದ ರೀತಿ ನೋಡಿ. ದೇವತೆಗಳು ಅವಳ ಮೇಲೆ ವಜ್ರಾಯುಧ ಎತ್ತಲಿಲ್ಲ, ಅನಸೂಯೆಯ ಬಳಿಗೆ ಹೋದರು. ಅನಸೂಯೆ ಆ ಹೆಂಗಸಿನ ಮನೆಗೆ ಹೋಗಿ ಅವಳ ಜೊತೆ ಕೂತು ಮಾತಾಡಿದಳು. ಹಗಲನ್ನು ಬಿಟ್ಟುಕೊಡು, ನಿನ್ನ ಗಂಡನನ್ನು ನಾನು ಬದುಕಿಸಿಕೊಡುತ್ತೇನೆ ಎಂದಳು. ಸೂರ್ಯ ಹುಟ್ಟಿದ, ಕೌಶಿಕ ಬಿದ್ದ, ಅನಸೂಯೆ ಅವನನ್ನು ಎಬ್ಬಿಸಿದಳು. ನಿಯಮ ಕಾಯಲು ಬಂದವಳು ನಿಯಮದಿಂದ ನಷ್ಟವಾಗುವವಳಿಗೆ ತನ್ನ ಕೈಯಿಂದ ಭರ್ತಿ ಮಾಡಿದಳು. ನನ್ನ ಶ್ರೇಣಿ ಆ ತಾಯಿಗೆ ಕೊಟ್ಟದ್ದು ಬರೀ ‘ಆಗುವುದಿಲ್ಲ’. ಮೊದಲ ಪ್ರಶ್ನೆ ಕೇಳಿದ ಅಮ್ಮ ಈ ಕಥೆಯನ್ನು ಎತ್ತಿ ನನ್ನ ಬಾಯಿ ಮುಚ್ಚಿಸಬಹುದಿತ್ತು. ಸದ್ಯ, ಎತ್ತಲಿಲ್ಲ.

ಯಯಾತಿಯೂ ಇದ್ದಾನಲ್ಲ. ಶುಕ್ರಾಚಾರ್ಯರ ಶಾಪದಿಂದ ಬಂದ ಮುಪ್ಪನ್ನು ಮಕ್ಕಳ ಮುಂದಿಟ್ಟು ನಿಮ್ಮ ಹರೆಯ ಕೊಡಿ ಎಂದ. ಯದು, ತುರ್ವಸು, ದ್ರುಹ್ಯು, ಅನು ಆಗದು ಎಂದರು, ಕಿರಿಯವನಾದ ಪೂರು ಕೊಟ್ಟ. ನಿರಾಕರಿಸಿದ ನಾಲ್ವರಿಗೂ ಅಪ್ಪನ ಶಾಪ ಸಿಕ್ಕಿತು. ಇಲ್ಲ ಎಂದರೆ ಶಾಪ ಕೊಡುವವನು ಕೇಳಿದಾಗ ಹೂಂ ಎಂದದ್ದು ಒಪ್ಪಿಗೆಯೇ? ನನ್ನ ಶ್ರೇಣಿಯ ಎರಡನೆಯ ಕಟ್ಟಳೆ ಇದರಿಂದಲೇ ಬಂತು: ನಿನ್ನ ಆಸರೆಯಲ್ಲಿರುವವರ ಆಯುಸ್ಸನ್ನು, ಅವರಾಗಿಯೇ ಕೊಟ್ಟರೂ, ಮುಟ್ಟಬೇಡ.

ಪ್ರಶ್ನೆ: ಸಂಘ ಅನ್ನಬಹುದಿತ್ತು, ಕೂಟ ಅನ್ನಬಹುದಿತ್ತು. ಶ್ರೇಣಿ ಯಾಕೆ? ಅದರ ಲಾಂಛನದಲ್ಲಿ ಬಟ್ಟಲು, ಬಟ್ಟಲಲ್ಲಿ ಮುತ್ತು ಯಾಕೆ?

ಉತ್ತರ: ಒಂದೇ ಕಸುಬಿನವರು ಸೇರಿ ತಮ್ಮ ಕಟ್ಟಳೆ ತಾವೇ ಮಾಡಿಕೊಂಡು ನಡೆಯುವ ಕೂಟಕ್ಕೆ ಹಳೆಯ ಹೆಸರು ಶ್ರೇಣಿ. ವ್ಯಾಪಾರಿಗಳಲ್ಲಿ ಐಹೊಳೆಯ ಐನೂರ್ವರು ಹಾಗೆ ಕಟ್ಟಿಕೊಂಡಿದ್ದರು, ತಮ್ಮ ನಡಾವಳಿಯನ್ನು ಬಣಂಜು ಧರ್ಮ ಎಂದು ಶಾಸನಗಳಲ್ಲಿ ಹೆಮ್ಮೆಯಿಂದ ಹೇಳಿಕೊಂಡರು. ಗಡಿಯಾರ ಮಾಡುವವರದ್ದೂ ಇದ್ದವು: ಪ್ಯಾರಿಸ್ಸಿನಲ್ಲಿ 1544ರಲ್ಲಿ, ಜಿನೀವಾದಲ್ಲಿ 1601ರಲ್ಲಿ. ಲಂಡನ್ನಿನವರು 1631ರಲ್ಲಿ ದೊರೆ ಒಂದನೆಯ ಚಾರ್ಲ್ಸನಿಂದ ಸನದು ಪಡೆದರು. ನಗರದ ಸುತ್ತ ಹತ್ತು ಮೈಲಿಯೊಳಗೆ ಯಾರ ಅಂಗಡಿಗಾದರೂ ನುಗ್ಗಿ, ಕಳಪೆ ಗಡಿಯಾರ ಸಿಕ್ಕಿದರೆ ವಶಪಡಿಸಿಕೊಳ್ಳುವ ಅಧಿಕಾರ ಅವರಿಗಿತ್ತು. ನನ್ನ ಕಥೆಯ ‘ತಪಾಸಣೆಯವರು’ ಹುಟ್ಟಿದ್ದು ಅಲ್ಲಿ. ಇದನ್ನೆಲ್ಲ ಬರೀ ನೀತಿಗಾಗಿ ಮಾಡಿದರು ಎಂದುಕೊಳ್ಳಬೇಡಿ. ಹೊರಗಿನಿಂದ ಬಂದ ಕಸುಬುದಾರರು ತಮ್ಮ ಕೆಲಸ ಕಸಿಯುತ್ತಾರೆಂಬ ಹೊಟ್ಟೆಯುರಿಯೂ ಅದರಲ್ಲಿತ್ತು. ಗುಣ ಕಾಯುವ ಬಾಗಿಲೂ ಹೊರಗಿನವನನ್ನು ತಡೆಯುವ ಬಾಗಿಲೂ ಒಂದೇ ಆಗಿರುತ್ತದೆ, ಶ್ರೇಣಿಯ ಕಥೆ ಬರೆಯುವವರು ಇದನ್ನು ಬಿಟ್ಟರೆ ಕಥೆ ಸಪ್ಪೆ.

ಬಟ್ಟಲು ಎಂದರೆ ಗಳಿಗೆ ಬಟ್ಟಲು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ತುಂಬಿ ಮುಳುಗುವಷ್ಟರಲ್ಲಿ ಒಂದು ಗಳಿಗೆ, ಈಗಿನ ಲೆಕ್ಕದಲ್ಲಿ 24 ನಿಮಿಷ. ದಿನಕ್ಕೆ 60 ಗಳಿಗೆ. ಮುತ್ತು ಲೀಲಾವತಿಯದು. ಭಾಸ್ಕರಾಚಾರ್ಯರ ಮಗಳು ಬಟ್ಟಲನ್ನು ಬಗ್ಗಿ ನೋಡುವಾಗ ಮುತ್ತೊಂದು ಜಾರಿ ಬಿದ್ದು ತೂತು ಮುಚ್ಚಿತು, ನೀರು ಏರಲಿಲ್ಲ, ಅವಳ ಮದುವೆಯ ಮುಹೂರ್ತ ದಾಟಿಹೋಯಿತು ಎಂಬ ದಂತಕಥೆ ಗೊತ್ತಲ್ಲ. ಅವಳು ಯಾರಿಗೂ ಕೇಡು ಬಗೆದಿರಲಿಲ್ಲ, ಬರೀ ಬಗ್ಗಿ ನೋಡಿದ್ದಳು. ಶ್ರೇಣಿಗೆ ಹೊಸದಾಗಿ ಸೇರಿದವರಿಗೆ ಮೊದಲು ಹೇಳಿಕೊಡುವ ಕಥೆ ಅದು.

ಪ್ರಶ್ನೆ: ಧಾರಾವಾಹಿಯನ್ನು ಸ್ವಲ್ಪ ಬೇಗ ಮುಗಿಸಬಾರದೇ?

ಉತ್ತರ: ಅರ್ಜಿ ಹಾಕಿದ್ದೇನೆ, ಶ್ರೇಣಿಯಿಂದ ಉತ್ತರ ಬಂದಿಲ್ಲ.

ಪ್ರಶ್ನೆ: ರಕ್ತ ಸೋರುತ್ತಿರುವವನ ಮುಂದೆ ನಿಂತು ಅನುಮತಿಗೆ ಅರ್ಜಿ ಬರೆಯಬೇಕೇ? ನಾನು ತುರ್ತು ವಿಭಾಗದ ನರ್ಸ್. ಹತ್ತು ನಿಮಿಷ ಹಿಗ್ಗಿಸಬಲ್ಲವರು ಪಕ್ಕದಲ್ಲಿದ್ದರೆ ನಾನಂತೂ ಕೇಳುವುದಿಲ್ಲ, ಮಾಡಿ ಅನ್ನುತ್ತೇನೆ.

ಉತ್ತರ: ಮಾಡಿ ಅನ್ನಿ. ಹಿಗ್ಗಿಸುವುದಕ್ಕೂ ತಿರುಗಿಸುವುದಕ್ಕೂ ಅಜಗಜಾಂತರವಿದೆ. ಹಿಗ್ಗಿಸುವಾಗ ಯಾರ ಬದುಕೂ ಅಳಿಸುವುದಿಲ್ಲ, ಆ ಕೋಣೆಯಲ್ಲಿ ನಿಂತವರಿಗೆ ಹತ್ತು ನಿಮಿಷ ವಯಸ್ಸು ಹೆಚ್ಚಾಗುತ್ತದೆ ಅಷ್ಟೇ. ಶ್ರೇಣಿಯಲ್ಲಿ ಇದಕ್ಕೆ ‘ತುರ್ತು ಗಳಿಗೆ’ ಎಂದು ಹೆಸರು: ಮೊದಲು ಕೆಲಸ, ಆಮೇಲೆ ವರದಿ. ಆದರೆ ವರದಿಯನ್ನು ಸೂರ್ಯ ಮುಳುಗುವ ಮೊದಲು ಮಾಡಿದವರೇ ಕೈಯಾರೆ ಬರೆಯಬೇಕು. ಯಾರ ಹೊತ್ತು, ಎಷ್ಟು ಹೊತ್ತು, ಯಾರನ್ನು ಕೇಳಲಿಲ್ಲ. ಕೊನೆಯದನ್ನು ಬರೆಯುವಾಗಲೇ ಕೈ ನಡುಗುವುದು. ಗುಮಾಸ್ತನಿಂದ ಬರೆಸಿದರೆ ನಡುಗುವ ಕೈ ಅವನದಾಗುತ್ತದೆ, ಅವನಿಗೇನು.

ನೀವು ಆಸ್ಪತ್ರೆಯವರಾದ್ದರಿಂದ ಇನ್ನೊಂದು ಮಾತು. ಮನುಷ್ಯರ ಮೇಲೆ ಪ್ರಯೋಗ ಮಾಡುವ ಮುನ್ನ ಅವರ ಒಪ್ಪಿಗೆ ಕಡ್ಡಾಯ ಎಂಬುದನ್ನು ನ್ಯೂರೆಂಬರ್ಗಿನಲ್ಲಿ 1947ರಲ್ಲಿ ಬರೆದಿಟ್ಟರು, ನಾಜಿ ವೈದ್ಯರ ವಿಚಾರಣೆ ಮುಗಿಸಿ ತೀರ್ಪು ಕೊಡುವಾಗ. 1964ರ ಹೆಲ್ಸಿಂಕಿ ಘೋಷಣೆ ಅದನ್ನು ವೈದ್ಯರ ಸಂಘದ ಮಾತಾಗಿಸಿತು. ಮೊದಲು ಬಲಿಯಾದವರು, ಆಮೇಲೆ ಕಾಗದ. ಮುಂದಿನ ಪ್ರಶ್ನೆಗೂ ಇದೇ ಬೇಕಾಗುತ್ತದೆ.

ಪ್ರಶ್ನೆ: ನಾನೂ ಇಂಥದೊಂದು ಕಥೆ ಬರೆಯುತ್ತಿದ್ದೇನೆ. ನನ್ನ ಮಂತ್ರವಾದಿಗಳ ಸಂಘಕ್ಕೆ ಮೂವತ್ತೆರಡು ನಿಯಮ ಬರೆದಿದ್ದೇನೆ, ಆದರೂ ಕಥೆ ಮುಂದೆ ಹೋಗುತ್ತಿಲ್ಲ.

ಉತ್ತರ: ಮೂವತ್ತೆರಡನ್ನೂ ಎತ್ತಿಡಿ. ದೂರುಗಳನ್ನು ಬರೆಯಿರಿ. ಯಾರು ಬಂದು ಯಾರ ಮೇಲೆ ದೂರು ಕೊಟ್ಟರು, ಅದನ್ನು.

ನನ್ನ ಶ್ರೇಣಿಯಲ್ಲಿ ‘ಮಲಗಿದವರ ಮೇಲೆ ಅಭ್ಯಾಸ ಕೂಡದು’ ಎಂಬ ನಿಯಮವಿದೆ. ಸುಮ್ಮನೆ ಬರೆದಿದ್ದರೆ ಯಾರೂ ಎರಡನೇ ಸಲ ಓದುತ್ತಿರಲಿಲ್ಲ. ಅದರ ಹಿಂದೆ ಒಂದು ಬೀದಿಯಿದೆ. ಶಿಷ್ಯವೃತ್ತಿಯಲ್ಲಿದ್ದ ಹುಡುಗರು ಕೈ ಪಳಗಲೆಂದು ರಾತ್ರಿ ಆ ಬೀದಿಯ ಮಲಗಿದವರಿಂದ ತಲೆಗೆ ಹತ್ತು ಹತ್ತು ನಿಮಿಷ ಕೀಳುತ್ತಿದ್ದರು. ನಿದ್ದೆಯಲ್ಲಿದ್ದವರಿಗೆ ಏನು ಗೊತ್ತಾಗುತ್ತದೆ? ಕಿತ್ತ ನಿಮಿಷಗಳನ್ನು ಮಡಕೆಯಲ್ಲಿ ಕೂಡಿಟ್ಟು ಹಬ್ಬದ ದಿನ ತಮ್ಮ ಆಟ ಉದ್ದ ಮಾಡಿಕೊಂಡರು. ಒಂದು ವರ್ಷ ಇಡೀ ಬೀದಿ ಬೆಳಗ್ಗೆ ಆಯಾಸದಿಂದಲೇ ಎದ್ದಿತು. ಗಂಡ ಹೆಂಡತಿ ಜಗಳ ಹೆಚ್ಚಾಯಿತು, ಮೇಷ್ಟರು ತರಗತಿಯಲ್ಲಿ ತೂಕಡಿಸಿದರು, ಒಬ್ಬ ಬಡಗಿ ಬೆರಳು ಕತ್ತರಿಸಿಕೊಂಡ. ಯಾರಿಗೂ ಕಾರಣ ಹೊಳೆಯಲಿಲ್ಲ. ಕಂಡುಹಿಡಿದದ್ದು ರಾತ್ರಿಪಾಳಿಯ ಕಾವಲುಗಾರ, ಯಾಕೆಂದರೆ ಬೀದಿಯಲ್ಲಿ ಆಯಾಸವಿಲ್ಲದವನು ಅವನೊಬ್ಬನೇ. ಬಡಗಿಯ ಬೆರಳಿಗೆ ಹೊಣೆ ಯಾರು ಎಂಬುದು ಶ್ರೇಣಿಯ ಮುಂದೆ ಬಂದಾಗ ಹುಡುಗರು ಹೇಳಿದ್ದು, ‘ಬರೀ ಹತ್ತು ನಿಮಿಷ ತಾನೇ?’ ದಿನಕ್ಕೆ ಹತ್ತು ನಿಮಿಷವೆಂದರೆ ವರ್ಷಕ್ಕೆ ಅರವತ್ತು ಗಂಟೆ ದಾಟುತ್ತದೆ. ಈಗ ನಿಯಮ ಓದಿ, ಬೇರೆ ತರಹ ಕೇಳಿಸುತ್ತದೆ.

ನಿಮ್ಮ ಮೂವತ್ತೆರಡರಲ್ಲಿ ಯಾವುದರ ಹಿಂದೆ ಒಬ್ಬ ಬಡಗಿ ಸಿಗುತ್ತಾನೋ ಅದನ್ನು ಉಳಿಸಿಕೊಳ್ಳಿ.

ಪ್ರಶ್ನೆ: ನಾನು ಭೌತಶಾಸ್ತ್ರ ಕಲಿಸುತ್ತೇನೆ. ಮಂತ್ರದಿಂದ ಕಾಲವನ್ನು ಹಿಗ್ಗಿಸುವುದು, ಕುಗ್ಗಿಸುವುದು ಶುದ್ಧ ಬುರುಡೆ. ಮಕ್ಕಳ ತಲೆ ಕೆಡಿಸಬೇಡಿ.

ಉತ್ತರ: ಬುರುಡೆ ಬಿಡುವುದೇ ನನ್ನ ಕಸುಬು, ಮೇಷ್ಟ್ರೇ. ಆದರೆ ಹಿಗ್ಗುವುದು ಕುಗ್ಗುವುದನ್ನು ನಿಮ್ಮವರೇ ಅಳೆದಿದ್ದಾರೆ. 1971ರಲ್ಲಿ ಹಾಫೆಲೆ, ಕೀಟಿಂಗ್ ಎಂಬಿಬ್ಬರು ವಿಜ್ಞಾನಿಗಳು ಸೀಸಿಯಂ ಪರಮಾಣು ಗಡಿಯಾರಗಳನ್ನು ಪ್ರಯಾಣಿಕರ ವಿಮಾನಗಳಲ್ಲಿ ಕೂರಿಸಿಕೊಂಡು ಭೂಮಿ ಸುತ್ತಿ ಬಂದರು. ಪೂರ್ವಕ್ಕೆ ಹೋದಾಗ ಅವು ಸುಮಾರು 59 ನ್ಯಾನೊಸೆಕೆಂಡ್ (ಸೆಕೆಂಡಿನ ನೂರು ಕೋಟಿಯಲ್ಲೊಂದು ಪಾಲು) ಹಿಂದೆ ಬಿದ್ದವು, ಪಶ್ಚಿಮಕ್ಕೆ ಹೋದಾಗ ಸುಮಾರು 273 ಮುಂದೆ ಹೋದವು. ಜಿಪಿಎಸ್ ಉಪಗ್ರಹಗಳ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ 38 ಮೈಕ್ರೊಸೆಕೆಂಡ್ (ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲು) ಮುಂದೆ ಓಡುತ್ತದೆ, ಅದನ್ನು ಸರಿಪಡಿಸದಿದ್ದರೆ ಮೊಬೈಲಿನ ನಕ್ಷೆ ನಮ್ಮನ್ನು ಹಳ್ಳಕ್ಕೆ ಕೆಡವುತ್ತದೆ.

ಅಷ್ಟೇಕೆ, ಕಾಲವನ್ನು ಮುಟ್ಟಲು ಅನುಮತಿ ಕೊಡುವ ನಿಜವಾದ ಕೂಟವೇ ಇದೆ, ದೇಶದೇಶಗಳವರು ಸೇರುವ ತೂಕ ಅಳತೆಗಳ ಮಹಾಸಭೆ. ಒಂದು ಸೆಕೆಂಡು ಎಂದರೆ ಸೀಸಿಯಂ ಪರಮಾಣುವಿನ 919 ಕೋಟಿ 26 ಲಕ್ಷ 31 ಸಾವಿರದ 770 ಕಂಪನಗಳು ಎಂದು 1967ರಲ್ಲಿ ನಿಗದಿ ಮಾಡಿದರು. ಪರಮಾಣು ತಪ್ಪದೆ ನಡೆಯುತ್ತದೆ, ಭೂಮಿ ಮಾತ್ರ ಅಷ್ಟು ನಿಯತ್ತಾಗಿ ತಿರುಗುವುದಿಲ್ಲ. ನಮಗೆ ಅಧಿಕಮಾಸ ಗೊತ್ತು, ಇವರದ್ದು ಅಧಿಕ ಸೆಕೆಂಡು. 1972ರಿಂದ 2016ರ ಕೊನೆಯವರೆಗೆ 27 ಸಲ ಇಡೀ ಜಗತ್ತಿನ ಗಡಿಯಾರಕ್ಕೆ ಒಂದೊಂದು ಸೆಕೆಂಡು ಸೇರಿಸಿದರು. ಆ ದಿನಗಳಲ್ಲಿ ಕೊನೆಯ ನಿಮಿಷಕ್ಕೆ 61 ಸೆಕೆಂಡು. ನಿಮ್ಮನ್ನು ಕೇಳಿದರೇ? ನನ್ನನ್ನಂತೂ ಕೇಳಲಿಲ್ಲ. ಕಂಪ್ಯೂಟರುಗಳು ತಬ್ಬಿಬ್ಬಾಗುತ್ತವೆಂದು 2035ರೊಳಗೆ ಈ ಪದ್ಧತಿ ಕೈಬಿಡಲು 2022ರಲ್ಲಿ ತೀರ್ಮಾನಿಸಿದರು.

ನನಗೆ ಇನ್ನೂ ಇಷ್ಟವಾದದ್ದು ಬ್ರಿಟನ್ನಿನ ಕಾನೂನು. ಪೋಪ್ ಗ್ರೆಗೊರಿಯ ಪಂಚಾಂಗ 1582ರಲ್ಲಿ ಅಕ್ಟೋಬರ್ 4ರ ಮರುದಿನವನ್ನೇ 15 ಮಾಡಿತ್ತು. ಬ್ರಿಟನ್ ಹಟ ಹಿಡಿದು 1752ರಲ್ಲಿ ಒಪ್ಪಿತು, ಸೆಪ್ಟೆಂಬರ್ 2ರ ಮರುದಿನ 14 ಆಯಿತು. ಹನ್ನೊಂದು ದಿನ ಮಾಯ! (ನೋಡಿ, ಮತ್ತೆ ಹನ್ನೊಂದು.) ಕಾನೂನು ಬರೆದವರು ದಿನ ಹಾರಿಸಿ ಸುಮ್ಮನಾಗಲಿಲ್ಲ. ಬಾಡಿಗೆ, ಸಾಲ ಯಾವುದೂ ಇದರಿಂದ ಹನ್ನೊಂದು ದಿನ ಮೊದಲೇ ಕೊಡಬೇಕಾಗಬಾರದು, ಯಾರಿಗೂ ಹನ್ನೊಂದು ದಿನ ಮೊದಲೇ ಇಪ್ಪತ್ತೊಂದು ತುಂಬಿತೆಂದು ಲೆಕ್ಕ ಹಿಡಿಯಬಾರದು ಎಂದು ಸ್ಪಷ್ಟವಾಗಿ ಬರೆದಿಟ್ಟರು. ಯಾವನೋ ಗುಮಾಸ್ತ ಕೂತು, ದಿನ ಹಾರಿದರೆ ಯಾರ ಜೇಬಿಗೆ ಕತ್ತರಿ ಬೀಳುತ್ತದೆ ಎಂದು ಒಬ್ಬೊಬ್ಬರನ್ನೇ ನೆನೆಸಿಕೊಂಡಿರಬೇಕು. ನನ್ನ ಲೆಕ್ಕದವಳನ್ನು ಬರೆಯುವಾಗ ಮುಖ ಕಾಣದ ಆ ಗುಮಾಸ್ತನೇ ಕಣ್ಣ ಮುಂದಿದ್ದ.

ಹಿಂದಕ್ಕೆ ಹೋಗುವುದು? ಅದಕ್ಕೆ ನಿಮ್ಮಲ್ಲೂ ಪುರಾವೆ ಇಲ್ಲ, ಒಪ್ಪಿದೆ. ಅಷ್ಟು ಬುರುಡೆಗೆ ಕ್ಷಮೆ ಇರಲಿ.

ಪ್ರಶ್ನೆ: ಮಂತ್ರವಾದಿಗಳನ್ನು ಶ್ರೇಣಿ ಕಾಯುತ್ತದೆ. ಶ್ರೇಣಿಯನ್ನು ಕಾಯುವವರು ಯಾರು? ತಪ್ಪು ಮಾಡಿದ ಅಧ್ಯಕ್ಷನೇ ನಿನ್ನೆಯನ್ನು ತಿರುಗಿಸಿ ಸಾಕ್ಷಿ ಅಳಿಸಿಬಿಟ್ಟರೆ? (ಕಾನೂನು ವಿದ್ಯಾರ್ಥಿನಿ)

ಉತ್ತರ: ಈ ಪ್ರಶ್ನೆಯಿಂದ ತಪ್ಪಿಸಿಕೊಂಡು ಹದಿನಾಲ್ಕು ಕಂತು ದೂಡಿದ್ದೆ. ಸಿಕ್ಕಿಬಿದ್ದೆ.

ಮತ್ತೆ ಅಪ್ಪನ ಮೇಜಿಗೇ ಹೋಗಬೇಕು. ರಿಪೇರಿ ಮುಗಿದ ಮೇಲೆ ಅಪ್ಪ ವಾಚಿನ ಹಿಂದಿನ ಮುಚ್ಚಳದ ಒಳಮೈಗೆ ಸೂಜಿಯಿಂದ ಒಂದು ಗುರುತು ಗೀಚುತ್ತಿದ್ದರು, ಜೊತೆಗೆ ತಾರೀಕು. ಹಳೆಯ ವಾಚು ತೆರೆದರೆ ಅಂಥ ಐದಾರು ಗೀರುಗಳಿರುತ್ತಿದ್ದವು, ಬೇರೆ ಬೇರೆ ಕೈಯವು. ಭೂತಗನ್ನಡಿ ಇಟ್ಟು ಅಪ್ಪ ಓದುತ್ತಿದ್ದರು. ‘ಇವನು ಒಳ್ಳೆಯ ಕೆಲಸಗಾರ. ಇವನಿಗೆ ಅವಸರ. ಇವನು ನೋಡು, ಏನೂ ಮಾಡದೆ ಗೀರು ಹಾಕಿ ದುಡ್ಡು ತಗೊಂಡಿದ್ದಾನೆ.’ ವಾಚು ಕಟ್ಟಿಕೊಂಡವನಿಗೆ ಈ ಚರಿತ್ರೆ ತಿಳಿಯುವುದೇ ಇಲ್ಲ. ಶ್ರೇಣಿಯಲ್ಲೂ ಅಷ್ಟೆ. ಮುಟ್ಟಿದ ಗಳಿಗೆಗೆಲ್ಲ ಮುಟ್ಟಿದವನ ಗೀರು ಬೀಳುತ್ತದೆ, ಅದನ್ನು ಯಾವ ಮಂತ್ರವೂ ಅಳಿಸದು. ಅಧ್ಯಕ್ಷ ನಿನ್ನೆಯನ್ನು ತಿರುಗಿಸಿದರೆ ಅವನ ಗೀರೂ ಅಲ್ಲಿರುತ್ತದೆ.

ನೀವು ಕೇಳುವ ಮೊದಲೇ ನಾನೇ ಹೇಳಿಬಿಡುತ್ತೇನೆ: ಆ ಗೀರನ್ನು ಓದಬಲ್ಲವರೂ ಕಸುಬಿನವರೇ. ಕಳ್ಳನ ಹೆಜ್ಜೆಗುರುತು ಕಳ್ಳರಿಗಷ್ಟೇ ಕಂಡರೆ ಏನು ಪ್ರಯೋಜನ? ಅದಕ್ಕೇ ಲೆಕ್ಕದ ಪುಸ್ತಕವನ್ನು ಮಂತ್ರ ಬಾರದವಳ ಕೈಗೆ ಕೊಟ್ಟೆ, ಪುಸ್ತಕವನ್ನು ಶ್ರೇಣಿಯ ಕಟ್ಟಡದ ಹೊರಗೆ ಇಡಿಸಿದೆ. ಆದರೂ ತೂತಿದೆ. ಅವಳಿಗೆ ಸಂಬಳ ಕೊಡುವವರು ಯಾರು? ಶ್ರೇಣಿ. ಇದಕ್ಕೆ ನನ್ನ ಹತ್ತಿರ ಉತ್ತರವಿಲ್ಲ. ಮುಂದಿನ ಕಂತುಗಳಲ್ಲಿ ಅವಳಿಗೆ ಮೂರು ತಿಂಗಳು ಸಂಬಳ ನಿಲ್ಲುತ್ತದೆ, ಏನಾಗುತ್ತದೆ ನೋಡೋಣ.

ಪ್ರಶ್ನೆ: ನಿಮಗೇ ಒಂದು ಗಂಟೆ ತಿರುಗಿಸಲು ಅನುಮತಿ ಸಿಕ್ಕರೆ ಯಾವುದನ್ನು ಕೇಳುತ್ತೀರಿ?

ಉತ್ತರ: ಅಪ್ಪನ ಕೊನೆಯ ಗಂಟೆ. ನಾನು ಔಷಧಿ ತರಲು ಹೊರಗೆ ಹೋಗಿದ್ದೆ. ಹನ್ನೊಂದು ಗಂಟೆ ಆಯುಸ್ಸು ಕೊಡುವುದಾದರೆ ಕಣ್ಣುಮುಚ್ಚಿ ಕೊಡುತ್ತೇನೆ. ಆದರೆ ನಾನು ಕೋಣೆಯಲ್ಲಿ ಇಲ್ಲವೆಂದು ತಿಳಿದೇ, ಎಷ್ಟೋ ವರ್ಷ ಅಪ್ಪನ ಜೊತೆ ಮಾತು ಬಿಟ್ಟಿದ್ದ ಅಣ್ಣ ಒಳಗೆ ಬಂದು ಕೂತಿದ್ದ. ಇಬ್ಬರೂ ಏನು ಮಾತಾಡಿಕೊಂಡರೋ, ಅಣ್ಣ ಇವತ್ತಿಗೂ ಹೇಳಿಲ್ಲ, ನಾನೂ ಕೇಳಿಲ್ಲ. ನಾನು ಅಲ್ಲಿದ್ದಿದ್ದರೆ ಅವನು ಬಾಗಿಲಿನಿಂದಲೇ ಹಿಂದಕ್ಕೆ ಹೋಗುತ್ತಿದ್ದ. ಅರ್ಜಿ ಇನ್ನೂ ತುಂಬಿಲ್ಲ.

ಅಪ್ಪ ಬಿಟ್ಟುಹೋದ ಗೋಡೆ ಗಡಿಯಾರ ನನ್ನ ಮನೆಯಲ್ಲಿದೆ. ಮೊನ್ನೆ ಎಣ್ಣೆ ಬಿಟ್ಟು ಮತ್ತೆ ನಡೆಸುವಾಗ ಕನ್ನಡಕ ಹಾಕದೆ ಮೂರೂ ಹತ್ತಕ್ಕೆ ಬದಲು ನಾಲ್ಕೂ ಹತ್ತಕ್ಕೆ ಇಟ್ಟುಬಿಟ್ಟೆ. ಸ್ಟೂಲು ಹತ್ತಿದೆ, ಮುಳ್ಳನ್ನು ಮುಂದಕ್ಕೆ ತಿರುಗಿಸುತ್ತಾ ಹೋದೆ. ಐದು, ಆರು, ಏಳು, ಹನ್ನೆರಡು ದಾಟಿ ಒಂದು, ಎರಡು, ಮೂರು. ಪ್ರತಿ ಗಂಟೆಗೂ ನಿಂತು ಹೊಡೆಸಿದೆ. ಕೆಳಗೆ ಕೂತು ಎಣಿಸುತ್ತಿದ್ದ ಮೊಮ್ಮಗಳು ಒಟ್ಟು 74 ಎಂದಳು. ಸ್ವಲ್ಪ ಹೊತ್ತು ಯೋಚಿಸಿ, ‘ಅಜ್ಜಿ, ಲೋಲಕ ಹಿಡಿದು ನಿಲ್ಲಿಸಿ ಒಂದು ಗಂಟೆ ಸುಮ್ಮನೆ ಕೂತಿದ್ದರೆ ಆಗುತ್ತಿರಲಿಲ್ಲವಾ?’ ಎಂದಳು.